ಗಿರಿಜತ್ತೆ ನೋಡಿದ ‘ನೂರೊಂದು ಮನೆ’

ಗಿರಿಜತ್ತೆಯ ಪಕ್ಕ ಕೂತು ಟೀವಿ ನೋಡಿದವರಿಗೆ ಮಾತ್ರ ನನ್ನ ಕಷ್ಟ ಅರ್ಥವಾದೀತು. ಉಳಿದವರು ನನ್ನನ್ನು ಸಿಡುಕಿ ಅಂತಾರೆ. ಅನ್ನಲಿ. ಮೊನ್ನೆ ಸಂಜೆ ಯಾವುದೋ ಮುಲಾಮಿನ ಜಾಹೀರಾತು ಬರುತ್ತಿತ್ತು. ಒಬ್ಬ ಹುಡುಗಿ ಮೊಣಕಾಲು ಉಜ್ಜಿಕೊಂಡು ನಗುತ್ತಿದ್ದಳು. ಅತ್ತೆ ಲೊಚಗುಟ್ಟಿದಳು.

“ಪಾಪ, ನಿನ್ನೆ ಹಲ್ಲುನೋವು ಅಂತ ಕೆನ್ನೆ ಹಿಡ್ಕೊಂಡು ಕೂತಿದ್ಲು. ಇವತ್ತು ನೋಡಿದ್ರೆ ಮಂಡಿನೋವು. ಇಷ್ಟು ಸಣ್ಣ ವಯಸ್ಸಿಗೆ ಒಂದಲ್ಲ ಒಂದು ಮಾರಾಯ್ತಿ ಆ ಹುಡುಗಿಗೆ.”

“ಅತ್ತೆ, ಅದು ಬೇರೆ ಜಾಹೀರಾತು, ಇದು ಬೇರೆ ಜಾಹೀರಾತು. ಅವಳು ನಟನೆ ಮಾಡೋಳು. ಅವಳಿಗೆ ಹಲ್ಲೂ ನೋಯ್ತಿಲ್ಲ, ಮಂಡಿನೂ ನೋಯ್ತಿಲ್ಲ.”

“ನಿಂಗೆ ಬಂದು ಹೇಳಿದ್ಲಾ?” ಅಂದಳು ಅತ್ತೆ.

ಇದಕ್ಕೆ ನೀವಾದರೂ ಒಂದು ಉತ್ತರ ಹೇಳಿಕೊಡಿ. ನಾನು ಜೀವಮಾನವಿಡೀ ಹೈಸ್ಕೂಲು ಮಕ್ಕಳಿಗೆ ಕನ್ನಡ ಪಾಠ ಮಾಡಿ ನಿವೃತ್ತಳಾದವಳು. ಹಳಗನ್ನಡ ಎಂದರೆ ಬೆಂಚಿನ ಕೆಳಗೆ ನುಸುಳುವ ಹುಡುಗರಿಗೂ ಒಂದೆರಡು ಪದ್ಯ ತಲೆಗೆ ಹತ್ತಿಸಿದ್ದೇನೆ. ಆದರೆ ನಟಿ ಬೇರೆ, ಅವಳು ಮಾಡುವ ಪಾತ್ರ ಬೇರೆ ಎಂಬ ಇಷ್ಟು ಸಣ್ಣ ಸಂಗತಿಯನ್ನು ನನ್ನ ಸ್ವಂತ ಸೋದರತ್ತೆಗೆ ತಿಳಿಸಲು ಈವರೆಗೂ ಆಗಿಲ್ಲ. ಕೋಣನ ಮುಂದೆ ಕಿನ್ನರಿ ಬಾರಿಸಿದರೆ ಕೋಣ ಸುಮ್ಮನಾದರೂ ಇರುತ್ತದೆ. ನಮ್ಮತ್ತೆ ಎದುರು ಪ್ರಶ್ನೆ ಹಾಕುತ್ತಾಳೆ.

ತಪ್ಪು ಅವಳೊಬ್ಬಳದೇ ಅಲ್ಲ, ನಮ್ಮ ಸೀಮೆಯದೇ ಅನ್ನಿ. ಕೊಪ್ಪದಿಂದ ಶೃಂಗೇರಿಗೆ ಹೋಗುವ ಬಸ್ಸಿನಲ್ಲಿ ಪಕ್ಕದ ಸೀಟಿನವರು “ಯಾವೂರಾತು?” ಎಂದು ಶುರುಮಾಡಿದರೆ ಹರಿಹರಪುರ ಬರುವುದರೊಳಗೆ ನಿಮ್ಮ ತಾಯಿಯ ತವರು ಗೊತ್ತಾಗಿರುತ್ತದೆ, ನಿಮಗೂ ಅವರಿಗೂ ಒಂದು ನಂಟು ಅಂಟಿರುತ್ತದೆ. ಮುಖ ಕಂಡ ಮೇಲೆ ಅದನ್ನು ಎಲ್ಲಾದರೂ ಒಂದು ಮನೆಗೆ ಸೇರಿಸದೆ ಬಿಟ್ಟರೆ ನಮ್ಮವರಿಗೆ ಉಂಡದ್ದು ಅರಗುವುದಿಲ್ಲ. ಇಂಥ ಜನರ ಮುಂದೆ ವಾರಕ್ಕೊಂದು ಹೊಸ ಕಥೆಯ ಧಾರಾವಾಹಿ ತಂದಿಟ್ಟರೆ ಏನಾಗಬೇಡ?

ಅದರ ಹೆಸರು ‘ನೂರೊಂದು ಮನೆ’. ನಿಮಗೆ ನೆನಪಿರಲಿಕ್ಕಿಲ್ಲ, ಅದು ಬಂದದ್ದೂ ಹೋದದ್ದೂ ಹೆಚ್ಚು ಜನಕ್ಕೆ ಗೊತ್ತಾಗಲಿಲ್ಲ. ನಾನಾಗ ಕೊಪ್ಪದ ಕಾಲೇಜಿನಲ್ಲಿ ಬಿ.ಎ. ಓದುತ್ತಿದ್ದೆ. ವಾರಕ್ಕೊಂದು ಮನೆ, ಮನೆಗೊಂದು ಕಥೆ, ಹೀಗೆ ನೂರೊಂದು ವಾರ ಎಂದು ಪತ್ರಿಕೆಯಲ್ಲಿ ಬಂದಿತ್ತು. ಬೀದರಿನಿಂದ ಚಾಮರಾಜನಗರದವರೆಗೆ ಒಂದೊಂದು ಸೀಮೆಯ ಒಂದೊಂದು ಮನೆ, ಅಲ್ಲಲ್ಲಿಯ ಮಾತು, ಅಲ್ಲಲ್ಲಿಯ ಊಟ. ಒಂದು ಕಥೆಗೂ ಇನ್ನೊಂದಕ್ಕೂ ಸಂಬಂಧವಿಲ್ಲ. ಓದಿ ನನಗೆ ರೋಮಾಂಚನವಾಗಿತ್ತು. ಕನ್ನಡದಲ್ಲಿ ಇಂಥದ್ದು ಬರಬೇಕು ಎಂದು ಕಾಲೇಜಿನ ಮೆಟ್ಟಿಲ ಮೇಲೆ ನಿಂತು ಗೆಳತಿಯರಿಗೆ ಭಾಷಣ ಮಾಡಿದ್ದೆ. ಆಗ ನನಗೆ ಎಲ್ಲವೂ ಗೊತ್ತಿತ್ತು.

ಆದರೆ ಆ ನಿರ್ದೇಶಕ ಮಹಾಶಯ ಹಾಸಿಗೆ ನೋಡದೆ ಕಾಲು ಚಾಚಿದ್ದ. ನೂರೊಂದು ಮನೆ ಕಟ್ಟಲು ಹೊರಟವನ ಹತ್ತಿರ ಇದ್ದದ್ದು ಐದಾರು ಜನ ನಟರು. ಅದೇ ಐದಾರು ಜನ ಮೀಸೆ ಬದಲಿಸಿಕೊಂಡು, ಸೀರೆ ಬದಲಿಸಿಕೊಂಡು ನಾಡಿನ ಎಲ್ಲ ಮನೆಗಳಲ್ಲೂ ಸಂಸಾರ ಮಾಡುತ್ತಿದ್ದರು. ಹೊಸ ಕಥೆಯ ಹೆಸರು ಶುರುವಿನಲ್ಲಿ ಒಂದೇ ಸಲ ಬರುತ್ತಿತ್ತು. ಆ ಹೊತ್ತಿಗೆ ಅತ್ತೆಯ ಸಂಜೆಯ ಪೂಜೆ ಮುಗಿದಿರುತ್ತಿರಲಿಲ್ಲ. ಅವಳು ಹಣೆಗೆ ವಿಭೂತಿ ಧರಿಸಿ ಬಂದು ಕೂರುವಾಗ ಕಥೆ ನಡುಮನೆಗೆ ಬಂದಿರುತ್ತಿತ್ತು.

ಅತ್ತೆ ನಮ್ಮ ಮನೆಗೆ ಬಂದು ಆಗ ಕೆಲವು ತಿಂಗಳಾಗಿತ್ತು. ಕೊಪ್ಪದಲ್ಲಿ ಪಾತ್ರೆ ಅಂಗಡಿ ಇಟ್ಟಿದ್ದ ನಮ್ಮಪ್ಪನ ಒಬ್ಬಳೇ ತಂಗಿ ಅವಳು. ಕೊಟ್ಟದ್ದು ನರಸಿಂಹರಾಜಪುರಕ್ಕೆ, ವ್ಯಾಪಾರಸ್ಥರ ಮನೆಗೆ. ಮಾವ ಕೈ ಎತ್ತುವವರಲ್ಲ. ಊಟಕ್ಕೆ ಕೂತಾಗ ಸಾರಿಗೆ ಉಪ್ಪು ಹೆಚ್ಚಾಯಿತೆಂದೋ, ಅನ್ನ ಆರಿತೆಂದೋ ತಟ್ಟೆ ಎತ್ತಿ ಗೋಡೆಗೆ ಎಸೆಯುತ್ತಿದ್ದರು. ಅತ್ತೆ ಗೋಡೆ ಒರೆಸಿ, ನೆಲ ಸಾರಿಸಿ, ಮತ್ತೆ ತಟ್ಟೆ ಹಾಕಿ ಬಡಿಸಬೇಕು. “ಪಾತ್ರೆ ಅಂಗಡಿಯವನ ತಂಗಿ, ತಟ್ಟೆಗೇನು ಬರ?” ಅಂತ ನಾಲ್ಕು ಜನರ ಮುಂದೆ ತಮಾಷೆ ಬೇರೆ. ಒಂದು ದಿನ ಅತ್ತೆ ಗೋಡೆ ಒರೆಸದೆ ಹಾಗೇ ಬಿಟ್ಟು, ಕೊಪ್ಪದ ಬಸ್ಸು ಹತ್ತಿ ಬಂದಳು. ಅಪ್ಪ ಬೈಯಲಿಲ್ಲ, ಸರಿ ಮಾಡಿದೆ ಎಂದೂ ಹೇಳಲಿಲ್ಲ. ಗಲ್ಲಾದ ಮೇಲೆ ಕೂತು ಬಹಳ ಹೊತ್ತು ಒಂದೇ ತಂಬಿಗೆಯನ್ನು ಒರೆಸುತ್ತಿದ್ದರು.

ಆಮೇಲೆ ಆ ಕಡೆಯ ಹಿರಿಯರು ಬಂದು ಮಾತಾಡಿ ಹೋದರು. ಹೆಣ್ಣುಮಗಳು ಎಷ್ಟು ದಿನ ಅಂತ ತವರಿನಲ್ಲಿ ಇರುವುದು, ಗಂಡಸಿಗೆ ಸ್ವಲ್ಪ ಸಿಟ್ಟು ಇರುವುದೇ ಅಲ್ಲವೇ, ಇತ್ಯಾದಿ. ಅತ್ತೆ ಅಡುಗೆಮನೆಯ ಬಾಗಿಲಲ್ಲಿ ನಿಂತು “ಗೌರಿಹಬ್ಬ ಇಲ್ಲೇ ಮಾಡ್ತೀನಿ. ಹಬ್ಬ ಕಳೀಲಿ, ಆಮೇಲೆ ಹೇಳ್ತೀನಿ” ಅಂದಿದ್ದಳು. ಹೋಗುವುದೋ ಬಿಡುವುದೋ ಅವಳಿಗೇ ತಿಳಿಯುತ್ತಿರಲಿಲ್ಲ. ಅದು ಅವಳ ಮುಖದಲ್ಲೇ ಕಾಣುತ್ತಿತ್ತು.

ಇಂಥ ಹೊತ್ತಿನಲ್ಲಿ ‘ನೂರೊಂದು ಮನೆ’ಯ ಮೊದಲ ಕಥೆ ಬಂತು. ಅಂಗಡಿಯ ಹಿಂದಿನ ನಮ್ಮ ಪಡಸಾಲೆಯಲ್ಲಿ ಬಾಗಿಲಿರುವ ಟೀವಿ ಪೆಟ್ಟಿಗೆ. ಅದರ ಮುಂದೆ ನಾನು, ಅತ್ತೆ, ಮತ್ತೆ ಪಕ್ಕದ ಬಳೆ ಅಂಗಡಿಯ ಮೈಮೂನಕ್ಕ. ಮೈಮೂನಕ್ಕನ ಮನೆಯಲ್ಲಿ ಟೀವಿ ಇರಲಿಲ್ಲ, ನಮ್ಮಲ್ಲಿ ಅವಳಿಲ್ಲದೆ ಟೀವಿ ಹಾಕುತ್ತಿರಲಿಲ್ಲ. ಕಥೆಯಲ್ಲಿ ಸಾವಿತ್ರಿ ಎಂಬ ಹೆಂಗಸು. ಗಂಡ ಹೊರಗೆ ಹೋಗುವಾಗಲೆಲ್ಲ ಬಾಗಿಲಿಗೆ ಬೀಗ ಹಾಕಿಕೊಂಡು ಹೋಗುತ್ತಾನೆ. ಒಂದು ದಿನ ಮರೆಯುತ್ತಾನೆ. ಅವಳು ಬಾಗಿಲನ್ನು ಮೆಲ್ಲಗೆ ತಳ್ಳಿ ನೋಡುತ್ತಾಳೆ, ಚೀಲ ತೆಗೆದುಕೊಳ್ಳುತ್ತಾಳೆ, ಬಸ್ಸು ಹತ್ತುತ್ತಾಳೆ. ಅಲ್ಲಿಗೆ ಮುಗಿಯಿತು.

ಅತ್ತೆ ಅಷ್ಟು ಹೊತ್ತೂ ಸೆರಗಿನ ತುದಿ ಹಿಡಿದು ಕೂತಿದ್ದಳು. “ಆಮೇಲೆ?” ಅಂದಳು.

“ಆಮೇಲೇನಿಲ್ಲ. ಮುಗೀತು. ಮುಂದಿನ ವಾರ ಬೇರೆ ಮನೆ, ಬೇರೆ ಕಥೆ.”

“ಬಸ್ಸು ಹತ್ತಿಸಿ ಮುಗೀತು ಅಂದ್ರೆ ಎಂತದು? ಅವಳು ಊಟಕ್ಕೆ ಎಂತ ಮಾಡ್ತಾಳೆ?”

ನಾನು ಅಂತ್ಯವನ್ನು ನೋಡುಗರ ಊಹೆಗೆ ಬಿಡುವ ತಂತ್ರದ ಬಗ್ಗೆ ವಿವರಿಸಿದೆ. ಮೈಮೂನಕ್ಕ ಆಕಳಿಸಿದಳು.

ಮುಂದಿನ ವಾರ ಅದೇ ನಟಿ ಧಾರವಾಡದ ಆಫೀಸೊಂದರಲ್ಲಿ ಟೈಪಿಸ್ಟ್. ಹೆಸರು ವಿಮಲಾ. ಅತ್ತೆ ಪೂಜೆ ಮುಗಿಸಿ ಬಂದು ಕೂತವಳು ಮುಖ ಅರಳಿಸಿ “ಅಬ್ಬ! ಕೆಲಸ ಸಿಕ್ತು ನೋಡು!” ಅಂದಳು.

“ಇವಳು ವಿಮಲಾ ಅತ್ತೆ. ಸಾವಿತ್ರಿ ಅಲ್ಲ.”

“ಹೆಸರು ಬದಲಾಯಿಸಿದಾಳೆ. ಇಲ್ದಿದ್ರೆ ಅವನು ಹುಡುಕ್ಕೊಂಡು ಬರದಿಲ್ವಾ?”

ಬಂದೇಬಂದ. ಬೀಗ ಹಾಕುತ್ತಿದ್ದ ಗಂಡನ ಪಾರ್ಟು ಮಾಡಿದ್ದ ನಟ ಈ ಕಥೆಯಲ್ಲಿ ಪಾಪದ ಪೋಸ್ಟ್‌ಮ್ಯಾನ್ ಆಗಿ ಆಫೀಸಿಗೆ ಟಪಾಲು ಕೊಡಲು ಬಂದ. ಮೈಮೂನಕ್ಕ ಎದ್ದು ನಿಂತಳು. “ನೋಡಿ ಗಿರಿಜಕ್ಕ, ವೇಷ ಹಾಕ್ಕೊಂಡು ಬಂದ! ನಾ ಹೇಳ್ಲಿಲ್ವಾ?” ಅವಳು ಹಾಗೇನೂ ಹೇಳಿರಲಿಲ್ಲ. ಆ ಪೋಸ್ಟ್‌ಮ್ಯಾನ್ ಕಥೆಯುದ್ದಕ್ಕೂ ಎಲ್ಲರಿಗೂ ಉಪಕಾರ ಮಾಡಿದ. ಅವನು ಉಪಕಾರ ಮಾಡಿದಷ್ಟೂ ಇವರಿಬ್ಬರ ಅನುಮಾನ ಬಲವಾಯಿತು. ಆ ನಿರ್ದೇಶಕ ಎದುರು ಸಿಕ್ಕಿದ್ದರೆ ನಾನು ಅವನನ್ನೇ ಹೊಡೆಯುತ್ತಿದ್ದೆ, ಬೇರೆ ಒಂದು ಮುಖ ಸಿಗಲಿಲ್ಲವೇ ಅಂತ.

ಮಾರನೇ ದಿನ ರೊಟ್ಟಿ ತಟ್ಟುತ್ತಾ ಅತ್ತೆ ನನ್ನೊಬ್ಬಳಿಗೇ ಹೇಳಿದಳು. “ಅವಳು ವಾಪಸ್ ಹೋಗ್ತಾಳೋ ಇಲ್ವೋ ನೋಡ್ತೀನಿ. ನೋಡ್ಕೊಂಡು ಆಮೇಲೆ ನರಸಿಂಹರಾಜಪುರದೋರಿಗೆ ಹೇಳ್ತೀನಿ.”

ನನಗೆ ತಲೆ ಚಚ್ಚಿಕೊಳ್ಳುವುದೊಂದು ಬಾಕಿ. “ಅತ್ತೆ, ನಿನ್ನ ಬದುಕನ್ನ ಅವರ ಕೈಲಿ ಕೊಡ್ತೀಯಾ? ಅವರಿಗೆ ಮೀಸೆ ನೆಟ್ಟಗೆ ಅಂಟಿಸೋಕೆ ಬರಲ್ಲ!”

“ಮತ್ತೆ ಯಾರ ಕೈಲಿ ಕೊಡ್ಲಿ? ನಿಮ್ಮಪ್ಪನ ಕೈಲಾ?” ಅಂದಳು. ಅಪ್ಪ ಒಳ್ಳೆಯವರು. ಆದರೆ ಒಂದು ಸೌಟಿಗೆ ಬೆಲೆ ಹೇಳಬೇಕಾದರೂ ಗಿರಾಕಿಯ ಮುಖವನ್ನೇ ನೋಡುತ್ತಿದ್ದ ಮನುಷ್ಯ.

ಅಲ್ಲಿಂದ ನನ್ನ ವಾರಗಳು ಹೇಗೆ ಕಳೆದವು ಎಂದು ಕೇಳಬೇಡಿ. ಒಂದು ವಾರ ನಮ್ಮ ಸೀಮೆಯದೇ ಕಥೆ ಬಂತು, ಶೃಂಗೇರಿಯ ಶಾಲಾ ಮಾಸ್ತರಿಣಿಯದು. ಮಲೆನಾಡಿನ ಭಾಷೆ ತರುತ್ತೇವೆ ಎಂದು ಹೊರಟವರು ಎರಡು ಮಾತಿಗೊಂದು ‘ಎಂತದು ಮಾರಾಯ’ ಸುರಿದಿದ್ದರು. ಪೂಜೆಗೆ ಬಂದ ಭಟ್ಟರಿಗೂ ಮಾರಾಯ, ಹಸುವಿಗೂ ಮಾರಾಯ್ತಿ. ಒಂದು ಕಡೆಯಂತೂ ಸೊಸೆ ಅತ್ತೆಗೇ “ಊಟ ಮಾಡು ಮಾರಾಯ್ತಿ” ಅಂದಳು. ನಮ್ಮ ಕಡೆ ಯಾವ ಸೊಸೆ ಹಾಗೆ ಅಂದಾಳು, ಅಂದು ಯಾರ ಮನೆಯಲ್ಲಿ ಉಳಿದಾಳು? ನಾನು ಉರಿದುಬೀಳುತ್ತಿದ್ದರೆ ಗಿರಿಜತ್ತೆ ಸಮಾಧಾನ ಹೇಳಿದಳು. “ಈಗಷ್ಟೇ ಧಾರವಾಡದಿಂದ ವರ್ಗ ಆಗಿ ಬಂದಿದಾಳೆ. ನಮ್ಮ ಮಾತು ಕಲಿಯೋಕೆ ಸ್ವಲ್ಪ ದಿನ ಬೇಡ್ವಾ? ನೀ ಒಳ್ಳೆ.”

ಇನ್ನೊಂದು ವಾರ ಪಾಳೆಯಗಾರರ ಕಾಲದ ಕಥೆ. ನಟಿ ಕಿರೀಟ ಇಟ್ಟುಕೊಂಡು ಕುದುರೆ ಪಕ್ಕ ನಿಂತಿದ್ದಳು, ಏರಲಿಲ್ಲ. ಈಗ ಹೇಗೆ ತಪ್ಪಿಸಿಕೊಳ್ಳುತ್ತಾಳೆ ನೋಡೋಣ ಎಂದು ನಾನು ಅತ್ತೆಯ ಮುಖ ನೋಡಿದೆ. ಅವಳು ಕ್ಷಣವೂ ತಡೆಯಲಿಲ್ಲ. “ಸ್ಕೂಲ್ ಡೇ ಇರಬೇಕು. ಟೀಚರುಗಳೂ ನಾಟಕ ಮಾಡ್ತಾರೆ.”

ಆಮೇಲೆ ಒಂದು ವಾರ ಅವಳು ಕಥೆಯಲ್ಲಿ ಸತ್ತೇಹೋದಳು. ಕೋಲಾರದ ಕಡೆಯ ಕಥೆ, ಹೆರಿಗೆಯಲ್ಲಿ ಸಾವು. ಆ ದಿನ ನಾನು ಗೆದ್ದೆ ಅಂದುಕೊಂಡಿದ್ದೆ. ಆದರೆ ಅತ್ತೆ ಎದ್ದು ಹೋಗಿ, ಊಟ ಬೇಡ ಎಂದು ಮಲಗಿಬಿಟ್ಟಳು. ಮೈಮೂನಕ್ಕ ಕಣ್ಣೊರೆಸಿಕೊಂಡು ಹೋದಳು. ಇಡೀ ವಾರ ಮನೆಯಲ್ಲಿ ಸೂತಕದ ಕಳೆ. ಅಪ್ಪ ನನ್ನನ್ನು ಕರೆದು “ಎಂತ ಆತೇ ಅವಳಿಗೆ? ನರಸಿಂಹರಾಜಪುರದಿಂದ ಏನಾದ್ರೂ ಸುದ್ದಿ ಬಂತಾ?” ಎಂದು ಕೇಳಿದರು. ಟೀವಿಯಲ್ಲಿ ಒಬ್ಬಳು ಸತ್ತಳು ಎಂದೆ. “ಹುಚ್ಚು ಹಿಡಿಸ್ತೀರಾ ನನಗೆ?” ಅಂದರು. ಹೌದು ಎನ್ನಬೇಕೆನಿಸಿತು, ನನಗೆ ಹಿಡಿದಾಗಿತ್ತು.

ಮುಂದಿನ ವಾರ ಆ ನಟಿ ರಾಯಚೂರಿನ ಕಡೆಯ ಕಥೆಯಲ್ಲಿ ಜೋಳ ಹಸನು ಮಾಡುತ್ತಾ ಕೂತಿದ್ದಳು. ಅತ್ತೆಯ ಕಣ್ಣಲ್ಲಿ ನೀರು. “ಬದುಕಿದಾಳೆ! ಆ ಆಸ್ಪತ್ರೆಯೋರು ಸುಳ್ಳು ಹೇಳಿದ್ರು!” ನಾನು ಬಾಯಿ ತೆರೆದೆ. ಮೈಮೂನಕ್ಕ ನನ್ನ ತೊಡೆ ಚಿವುಟಿದಳು. ನಿಜ ಹೇಳಬೇಕೆಂದರೆ ನನಗೂ ಅವಳನ್ನು ನೋಡಿ ಸಮಾಧಾನವೇ ಆಗಿತ್ತು, ಹೇಳಿಕೊಳ್ಳಲಿಲ್ಲ ಅಷ್ಟೇ.

ಗೌರಿಹಬ್ಬ ಹತ್ತಿರ ಬಂತು. ಹಬ್ಬ ಕಳೆದ ಸೋಮವಾರ ಹಿರಿಯರು ಬರುತ್ತಾರೆ ಎಂದು ಸುದ್ದಿ ಬಂದಿತ್ತು. ಅತ್ತೆಗೆ ಒಳಗೊಳಗೇ ಆತಂಕ. ಸಾವಿತ್ರಿ ಇನ್ನೂ ಏನೂ ತೀರ್ಮಾನ ಮಾಡಿರಲಿಲ್ಲವಲ್ಲ! ಆ ವಾರ ಅತ್ತೆ ಪೂಜೆಯನ್ನೂ ಬೇಗ ಮುಗಿಸಿ, ಟೀವಿಯ ಬಾಗಿಲು ತೆರೆದು ಮೊದಲೇ ಕೂತಳು. ಹೊತ್ತಿಗೆ ಸರಿಯಾಗಿ ಪರದೆಯ ಮೇಲೆ ರೇಷ್ಮೆಹುಳು ಬಂತು.

ರೇಷ್ಮೆಹುಳು ಎಂದರೆ ರೇಷ್ಮೆಹುಳುವೇ. ಸಾಕುವುದು ಹೇಗೆ, ಹಿಪ್ಪುನೇರಳೆ ಸೊಪ್ಪು ಹೆಚ್ಚುವುದು ಹೇಗೆ, ತಟ್ಟೆಯಲ್ಲಿ ಹರಡುವುದು ಹೇಗೆ. ಹಿಂದೆ ಗಡಸು ದನಿಯಲ್ಲಿ ಯಾರೋ ವಿವರಿಸುತ್ತಿದ್ದರು. ‘ನೂರೊಂದು ಮನೆ’ ಇಲ್ಲ, ಯಾಕಿಲ್ಲ ಎಂದು ಹೇಳುವವರೂ ಇಲ್ಲ. ನೂರೊಂದರಲ್ಲಿ ಹತ್ತೋ ಹನ್ನೊಂದೋ ಮನೆ ತೋರಿಸಿ, ಉಳಿದ ಬಾಗಿಲುಗಳನ್ನೆಲ್ಲ ನಮ್ಮ ಮುಖದ ಮೇಲೆ ಹಾಕಿದ್ದರು. ನನ್ನ ಹೊಟ್ಟೆ ಉರಿಯಿತು. ಇನ್ನೊಂದು ವಾರ ನಡೆಸಿದ್ದರೆ ಇವರ ಗಂಟೇನು ಹೋಗುತ್ತಿತ್ತು?

“ನಿಂತುಹೋಗಿದೆ ಅತ್ತೆ. ಏಳು.”

“ತಡಿ, ಇದರಲ್ಲೇ ಬಂದ್ರೂ ಬರಬಹುದು” ಅಂದಳು. ಸೊಪ್ಪು ಕೊಯ್ಯುವ ಹೆಂಗಸರನ್ನು ತೋರಿಸಿದಾಗಲೆಲ್ಲ ಮುಂದಕ್ಕೆ ಬಗ್ಗಿ ಒಬ್ಬೊಬ್ಬರ ಮುಖವನ್ನೂ ನೋಡಿದಳು. ಗೂಡು ಬಿಡಿಸಿ, ನೂಲು ತೆಗೆದು, ಮುಕ್ತಾಯ ಎಂದು ಬರುವವರೆಗೂ ಏಳಲಿಲ್ಲ. ನನ್ನ ಸಿಟ್ಟೆಲ್ಲ ಎಲ್ಲಿ ಹೋಯಿತೋ, ಅವಳ ಬೆನ್ನು ನೋಡುತ್ತಾ ನನಗೆ ಅಳು ಬಂತು.

ಸೋಮವಾರ ಹಿರಿಯರು ಬಂದರು, ಇಬ್ಬರು. ಕಡುಬು ತಿಂದರು, ಕಾಫಿ ಕುಡಿದರು. ಒಬ್ಬರು ಎಲೆಗೆ ಸುಣ್ಣ ಹಚ್ಚುತ್ತಾ, ಎಲ್ಲ ತೀರ್ಮಾನವಾದವರ ಹಾಗೆ, “ಚೀಲ ತುಂಬ್ಕಳವ್ವ ಗಿರಿಜಾ. ಮಧ್ಯಾಹ್ನದ ಬಸ್ಸಿಗೇ ಹೊರಟುಬಿಡಣ” ಅಂದರು. ಅಪ್ಪ ಯಥಾಪ್ರಕಾರ ಎಲ್ಲರ ಮುಖ ನೋಡಿದರು.

ಅತ್ತೆ ಅಡುಗೆಮನೆಯ ಬಾಗಿಲು ಬಿಟ್ಟು ಪಡಸಾಲೆಯ ನಡುವೆ ಬಂದು ನಿಂತಳು. “ನಾ ಬರಲ್ಲ.”

“ಯಾಕವ್ವ?”

“ಅವಳು ವಾಪಸ್ ಹೋಗಿದ್ದು ತೋರಿಸ್ಲಿಲ್ಲ. ತೋರಿಸ್ಲಿಲ್ಲ ಅಂದ್ಮೇಲೆ ಹೋಗ್ಲಿಲ್ಲ ಅಂತ್ಲೇ. ಹೋಗೋ ಹಾಗಿದ್ರೆ ಇಷ್ಟೊತ್ತಿಗೆ ಹೋಗಿರೋಳು.”

ಹಿರಿಯರ ಕೈಯಲ್ಲಿದ್ದ ಎಲೆ ಅಲ್ಲೇ ನಿಂತಿತು. “ಯಾರವ್ವ ಅದು?”

ಟೀವಿಯವಳು ಎಂದರೆ ಮುಗಿಯಿತು. ಹೆಂಗಸಿಗೆ ತಲೆ ಕೆಟ್ಟಿದೆ ಎಂದು ಕೈ ಹಿಡಿದು ಬಸ್ಸಿಗೆ ಹತ್ತಿಸುತ್ತಾರೆ. ಕಥೆ ಬೇರೆ, ಬದುಕು ಬೇರೆ ಎಂದು ಅಷ್ಟು ವಾರ ಗಂಟಲು ಹರಿದುಕೊಂಡಿದ್ದ ನನ್ನ ಬಾಯಿಂದಲೇ ಮಾತು ಬಂತು: “ಸಾವಿತ್ರಿ ಅಂತ. ನಮ್ಮ ಪರಿಚಯದೋರು. ಶೃಂಗೇರಿಲಿ ಟೀಚರು.”

“ಶೃಂಗೇರಿಲಿ ಎಲ್ಲಿ? ನಮ್ಮ ಷಡ್ಡಕ ಅಲ್ಲೇ ಇರೋದು. ಯಾರ ಮಗಳು?”

ನಮ್ಮ ಸೀಮೆಯ ಈ ಪ್ರಶ್ನೆಗೆ ಬೆಂಕಿ ಬೀಳಲಿ! ನಾನು ತಡವರಿಸುವಾಗ ಹಿತ್ತಿಲ ಬಾಗಿಲಿಂದ ಮೈಮೂನಕ್ಕನ ದನಿ ಬಂತು. “ಈಗ ಅಲ್ಲಿಲ್ಲ. ರಾಯಚೂರಿಗೆ ಟ್ರಾನ್ಸ್‌ಫರ್ ಆಗಿದೆ.”

ರಾಯಚೂರಿನಲ್ಲಿ ಅವರಿಗೆ ಷಡ್ಡಕರಿರಲಿಲ್ಲ, ದೇವರು ದೊಡ್ಡವನು. ಆ ಹೊತ್ತಿಗೆ ಅಪ್ಪನಿಗೆ ಅದೆಲ್ಲಿಂದ ಧೈರ್ಯ ಬಂತೋ, ಗಂಟಲು ಸರಿಮಾಡಿಕೊಂಡು “ಅವಳು ಬರಲ್ಲ ಅಂತಿದಾಳಲ್ಲ. ಆತು, ಬಿಡಿ” ಅಂದರು. ಹಿರಿಯರು ಎಲೆಯನ್ನು ಹಾಗೆಯೇ ತಟ್ಟೆಯಲ್ಲಿಟ್ಟು ಎದ್ದರು.

ಅತ್ತೆ ಹೋಗಲಿಲ್ಲ. ಮೈಮೂನಕ್ಕನ ಬಳೆ ಅಂಗಡಿಯ ಮೂಲೆಯಲ್ಲಿ ಹೊಲಿಗೆ ಮಿಷನ್ ಇಟ್ಟುಕೊಂಡಳು. ಮೇಗುಂದದಿಂದ, ಕೆರೆಕಟ್ಟೆಯಿಂದ ಮದುವೆಯ ರವಿಕೆ ಹೊಲಿಸಲು ಅವಳ ಹತ್ತಿರವೇ ಬರುತ್ತಿದ್ದರು. ಬಂದವರೆಲ್ಲ ಬಳೆಯನ್ನೂ ಇಟ್ಟುಕೊಂಡು ಹೋಗುತ್ತಿದ್ದರು. ಮಾವ ಇನ್ನೊಂದು ಮದುವೆಯಾದರು, ತೀರಿಕೊಂಡರು. ಅಪ್ಪನೂ ಹೋದರು, ಅಂಗಡಿಯೂ ಹೋಯಿತು. ಅತ್ತೆ ಈಗ ನನ್ನ ಜೊತೆ ಇದ್ದಾಳೆ. ಅಂದರೆ ದಿನಾ ಸಂಜೆ ನನ್ನ ರಕ್ತದೊತ್ತಡ ಏರಿಸುತ್ತಾ ಕೂತಿರುತ್ತಾಳೆ.

ನಿಜವಾದ ಪೀಕಲಾಟ ಬಂದದ್ದು ಹೋದ ಭಾನುವಾರ. ಶಿವಮೊಗ್ಗದಲ್ಲಿರುವ ನನ್ನ ಮಗಳು ಫೋನಿಗೆ ಒಂದು ವೀಡಿಯೊ ಕಳಿಸಿದಳು. “ಅಮ್ಮ, ನೀನು ಹೇಳ್ತಿದ್ದ ‘ನೂರೊಂದು ಮನೆ’! ಯಾರೋ ಹಾಕಿದಾರೆ. ಆಗ ಪ್ರಸಾರ ಆಗದೆ ಉಳಿದಿದ್ದಂತೆ.” ನಾನು ಹಿಗ್ಗಿ, ಕನ್ನಡಕ ಹುಡುಕಿ ನೋಡಲು ಕೂತೆ. ಅದೇ ನಟಿ. ಚೀಲ ಹಿಡಿದು ಒಂದು ಮನೆಯ ಬಾಗಿಲಿಗೆ ಬರುತ್ತಾಳೆ. ಬಾಗಿಲು ತೆರೆಯುವವನು ಅದೇ ನಟ, ಆ ಬೀಗದವನು. ಕೈಯಿಂದ ಚೀಲ ಇಸಿದುಕೊಳ್ಳುತ್ತಾನೆ. ಅವಳು ಕಣ್ಣೊರೆಸಿಕೊಂಡು ಒಳಗೆ ಹೋಗುತ್ತಾಳೆ. ಮಂಗಳವಾದ್ಯ.

ಅದು ಬೇರೆಯೇ ಕಥೆ. ಹೆಸರುಗಳು ಬೇರೆ, ಊರು ಬೇರೆ, ಅವನು ಮಿಲಿಟರಿಯಿಂದ ಬಂದ ಒಳ್ಳೆಯ ಗಂಡ. ನನಗೆ ಅದು ಗೊತ್ತು, ಬಿ.ಎ. ಓದುವಾಗಿನಿಂದ ಗೊತ್ತು. ಆದರೂ ವೀಡಿಯೊವನ್ನು ತಟ್ಟನೆ ನಿಲ್ಲಿಸಿದೆ. ಈ ವಯಸ್ಸಿನಲ್ಲಿ ಅತ್ತೆ ಇದನ್ನು ನೋಡಿ, ಅವಳು ವಾಪಸ್ ಹೋಗಿದ್ದಳು, ನಾನೇ ತಪ್ಪು ತಿಳಿದೆ ಅಂದುಕೊಂಡರೆ? ಇಷ್ಟು ವರ್ಷದ ಬಾಳಿಗೆ ಯಾರು ಜವಾಬು ಹೇಳುತ್ತಾರೆ? ಅಳಿಸಿಬಿಡೋಣ ಎಂದು ಗುಂಡಿ ಹುಡುಕುತ್ತಿದ್ದಾಗ ಪಡಸಾಲೆಯಿಂದ ಅದೇ ಮಂಗಳವಾದ್ಯ ಕೇಳಿಸಿತು. ಮಗಳು, ಆ ಅಧಿಕಪ್ರಸಂಗಿ, ಅತ್ತೆಯ ಫೋನಿಗೂ ಕಳಿಸಿದ್ದಳು!

ಓಡಿಹೋದೆ. ಅತ್ತೆ ಫೋನನ್ನು ತೊಡೆಯ ಮೇಲಿಟ್ಟು ನಿರಾಳವಾಗಿ ಕೂತಿದ್ದಳು.

“ನೋಡಿದ್ಯಾ?”

“ನೋಡ್ದೆ. ರವಿಕೆ ತೋಳು ಸರಿಯಾಗಿ ಕೂತಿಲ್ಲ.”

“ಅತ್ತೆ… ಅವಳು ವಾಪಸ್ ಹೋದ್ಲಲ್ಲ.”

“ಯಾರು?”

“ಸಾವಿತ್ರಿ!”

“ಇವಳಾ? ಇವಳು ಯಾರೋ ಬೇರೆ.”

ನನಗೆ ಎಲ್ಲಿತ್ತೋ ಸಿಟ್ಟು, ನೆತ್ತಿಗೇರಿತು. ನಾನು ಏನು ಹೇಳುತ್ತಿದ್ದೇನೆ ಎಂಬ ಪರಿವೆಯೂ ಇಲ್ಲದೆ ಕೂಗಾಡಿದೆ. “ಬೇರೆ ಹೇಗಾಗ್ತಾಳೆ? ಅದೇ ಮುಖ, ಅದೇ ಮೂಗುಬೊಟ್ಟು! ಅವನೂ ಅವನೇ! ಧಾರವಾಡದೋಳು ಅವಳೇ, ಶೃಂಗೇರಿಯೋಳು ಅವಳೇ, ಸತ್ತೋಳೂ ಅವಳೇ ಅಂತ ನನ್ನ ಪ್ರಾಣ ತಿಂದ್ಯಲ್ಲ, ಇವಳು ಮಾತ್ರ ಹೇಗೆ ಬೇರೆ?”

ಅತ್ತೆ ನನ್ನನ್ನೇ ನೋಡಿದಳು. ದಡ್ಡ ಮಗುವನ್ನು ನೋಡುವ ಹಾಗೆ, ತುಂಬ ತಾಳ್ಮೆಯಿಂದ.

“ನಮ್ಮ ಸಾವಿತ್ರಿ ಹೋಗ್ಲಿಲ್ಲ ಮಾರಾಯ್ತಿ. ಹೋಗಿದ್ರೆ, ಇಲ್ಲಿ ಕೂತು ನಿನ್ನ ಹತ್ರ ಬೈಸ್ಕೊಳ್ತಾ ಇರೋಳು ಯಾರು?”